ದುಡ್ಡು ನಿಮ್ಮದೇ, ಹಿಡಿತ ಇನ್ನೊಬ್ಬರದು: ‘ಲೀನ್’ ಪದದ ಪೂರ್ವಾಪರ

ಬ್ಯಾಂಕಿನಿಂದ ಬರುವ ಮೆಸೇಜುಗಳಲ್ಲಿ ಜನ ಹೆಚ್ಚು ಗಾಬರಿಯಾಗುವುದು ಇದೊಂದಕ್ಕೆ: ನಿಮ್ಮ ಖಾತೆಯಲ್ಲಿ ಇಂತಿಷ್ಟು ರೂಪಾಯಿಗೆ ಲೀನ್ ಮಾರ್ಕ್ ಆಗಿದೆ. ದುಡ್ಡು ಹೋಯಿತೇ ಅಂತ ಪಾಸ್‌ಬುಕ್ ನೋಡಿದರೆ ಹೋಗಿಲ್ಲ. ಸರಿ, ಇದೆಯಲ್ಲ ಅಂತ ಎಟಿಎಂಗೆ ಹೋದರೆ ಬರುವುದಿಲ್ಲ. ಮರುದಿನ ಬೆಳಿಗ್ಗೆ ಕೌಂಟರಿನ ಮುಂದೆ ಮಾತು ಹೀಗೆ ಶುರುವಾಗುತ್ತದೆ:

‘ಸಾರ್, ನನ್ನ ಅಕೌಂಟಿಗೆ ಯಾರೋ ಲೈನ್ ಹಾಕಿದ್ದಾರಂತೆ, ತೆಗೆಸಿಕೊಡಿ.’

‘ಲೈನ್ ಅಲ್ಲ ಯಜಮಾನ್ರೇ, ಲೀನು. ಅದು ಮೇಲಿಂದಲೇ ಬಂದಿರೋದು, ನಮ್ಮ ಕೈಲಿಲ್ಲ.’

ಈ ಉತ್ತರದಿಂದ ಯಾರಿಗೂ ಏನೂ ತಿಳಿಯುವುದಿಲ್ಲ. ಹಾಕಿದವರು ಯಾರು, ಯಾತಕ್ಕೆ, ಎಷ್ಟಕ್ಕೆ, ಎಂದಿನವರೆಗೆ ಎಂಬ ನಾಲ್ಕು ಪ್ರಶ್ನೆಗೂ ಬ್ಯಾಂಕಿನ ಕಂಪ್ಯೂಟರಿನಲ್ಲಿ ಉತ್ತರ ಇರುತ್ತದೆ. ಕೇಳುವವರು ಕೇಳಬೇಕು ಅಷ್ಟೆ. ಕೇಳಬೇಕೆಂದರೆ ಪದದ ಅರ್ಥ ಗೊತ್ತಿರಬೇಕು.

ಎಲ್, ಐ, ಇ, ಎನ್ ಎಂಬ ನಾಲ್ಕೇ ಅಕ್ಷರದ ಈ ಇಂಗ್ಲಿಷ್ ಪದವನ್ನು ‘ಲೀನ್’ ಎಂದರೂ ಸರಿ, ‘ಲೀಯನ್’ ಎಂದರೂ ಸರಿ. ‘ಲೈನ್’, ‘ಲಯನ್’ ಎರಡೂ ತಪ್ಪು. ಲ್ಯಾಟಿನ್ನಿನಲ್ಲಿ ಕಟ್ಟುವುದು ಎಂಬ ಅರ್ಥದ ‘ಲಿಗಾರೆ’ ಎಂಬ ಕ್ರಿಯಾಪದ ಇದೆ. ಅಲ್ಲಿಂದ ಫ್ರೆಂಚಿಗೆ ಬಂದು, ಹದಿನಾರನೇ ಶತಮಾನದ ಹೊತ್ತಿಗೆ ಇಂಗ್ಲಿಷ್ ಕಾನೂನಿಗೆ ಸೇರಿಕೊಂಡ ಪದ ಇದು. ಮೂಳೆ ಮೂಳೆಯನ್ನು ಕಟ್ಟಿ ಹಿಡಿಯುವ ‘ಲಿಗಮೆಂಟ್’, ಹಂಗು ಎಂಬ ಅರ್ಥದ ‘ಆಬ್ಲಿಗೇಶನ್’ ಇದೇ ಬಳ್ಳಿಯವು. ವೈದ್ಯಕೀಯ ವಿದ್ಯಾರ್ಥಿಗಳಿಗೆ ಮಾತ್ರ ಇಲ್ಲೊಂದು ತಮಾಷೆ ಕಾದಿರುತ್ತದೆ. ಲ್ಯಾಟಿನ್ನಿನಲ್ಲಿ ಇದೇ ಕಾಗುಣಿತದ ಇನ್ನೊಂದು ಪದಕ್ಕೆ ಗುಲ್ಮ, ಅಂದರೆ ಸ್ಪ್ಲೀನ್ ಎಂಬ ಅರ್ಥ. ಗುಲ್ಮಕ್ಕೂ ಮೂತ್ರಪಿಂಡಕ್ಕೂ ನಡುವಿನ ‘ಲೈನೋರೀನಲ್ ಲಿಗಮೆಂಟ್’ ಎಂಬ ಹೆಸರಿನಲ್ಲಿರುವುದು ಆ ಪದ. ಬ್ಯಾಂಕಿನ ಲೀನ್‌ಗೂ ಅದಕ್ಕೂ ನಂಟಿಲ್ಲ, ಪಕ್ಕದ ‘ಲಿಗಮೆಂಟ್’ಗೆ ಮಾತ್ರ ನಂಟಿದೆ.

ಕಾನೂನಿನಲ್ಲಿ ಲೀನ್ ಅಂದರೆ, ಇನ್ನೊಬ್ಬರ ಸ್ವತ್ತು ನ್ಯಾಯವಾಗಿ ನಮ್ಮ ಕೈಗೆ ಬಂದಿರುವಾಗ, ನಮಗೆ ಬರಬೇಕಾದ ಬಾಕಿ ಬರುವವರೆಗೆ ಅದನ್ನು ಕೊಡದೆ ಇಟ್ಟುಕೊಳ್ಳುವ ಹಕ್ಕು. ಒಡೆತನ ಒಬ್ಬರದು, ಹಿಡಿತ ಇನ್ನೊಬ್ಬರದು. ಈ ಎರಡನ್ನೂ ಬೇರೆಬೇರೆ ಮಾಡಿ ನೋಡಿದರೆ, ಮುಂದೆ ಬ್ಯಾಂಕು, ಸರ್ಕಾರಿ ನೌಕರಿ, ಅಮೆರಿಕದ ಮನೆ, ಎಲ್ಲಿ ಈ ಪದ ಎದುರಾದರೂ ದಾರಿ ತಪ್ಪುವುದಿಲ್ಲ.

ಟೈಲರ್ ಅಂಗಡಿಯ ಕಾನೂನು

ಈ ಹಕ್ಕು ನಮ್ಮ ದೇಶದಲ್ಲಿ ನಿಂತಿರುವುದು 1872ರ ಭಾರತೀಯ ಕರಾರು ಕಾಯ್ದೆಯ ಮೇಲೆ. ಅದರ 170ನೇ ಸೆಕ್ಷನ್ ಹೇಳುವುದಿಷ್ಟು: ನೀವು ಕೊಟ್ಟ ವಸ್ತುವಿನ ಮೇಲೆ ಒಬ್ಬ ತನ್ನ ಶ್ರಮ ಅಥವಾ ಕಸುಬನ್ನು ಹಾಕಿದ್ದರೆ, ಆ ಕೆಲಸದ ಕೂಲಿ ಸಿಗುವವರೆಗೆ ವಸ್ತುವನ್ನು ಅವನು ಇಟ್ಟುಕೊಳ್ಳಬಹುದು. ಕಾಯ್ದೆಯಲ್ಲೇ ಎರಡು ಉದಾಹರಣೆ ಇವೆ. ಸಾಣೆ ಹಿಡಿಯಲು ಕಚ್ಚಾ ವಜ್ರ ತೆಗೆದುಕೊಂಡ ಕುಶಲಕರ್ಮಿ, ಕೆಲಸ ಮುಗಿಸಿ ಮಜೂರಿ ಬರುವವರೆಗೆ ವಜ್ರ ಕೊಡಬೇಕಿಲ್ಲ. ಆದರೆ ಕೋಟು ಹೊಲಿಯಲು ಬಟ್ಟೆ ತೆಗೆದುಕೊಂಡ ದರ್ಜಿ, ಹೊಲಿದ ಕೂಡಲೇ ಕೊಡುತ್ತೇನೆ, ದುಡ್ಡು ಮೂರು ತಿಂಗಳು ಬಿಟ್ಟು ಕೊಡಿ ಎಂದು ಒಪ್ಪಿದ್ದರೆ ಕೋಟನ್ನು ಹಿಡಿದಿಟ್ಟುಕೊಳ್ಳುವಂತಿಲ್ಲ. ಸಾಲಕ್ಕೆ ಒಪ್ಪಿದ ಕ್ಷಣಕ್ಕೇ ಹಿಡಿತ ಹೋಯಿತು.

ಈ ಸೆಕ್ಷನ್ನಿನಲ್ಲಿ ದಿನನಿತ್ಯದ ಬಹಳಷ್ಟು ಜಗಳಗಳಿಗೆ ಉತ್ತರ ಇದೆ. ಹಬ್ಬಕ್ಕೆ ಹೊಲಿದ ರವಿಕೆಯನ್ನು ಅದರ ಕೂಲಿಗಾಗಿ ಟೈಲರ್ ಇಟ್ಟುಕೊಳ್ಳಬಹುದು. ಯುಗಾದಿಯಲ್ಲಿ ಉಳಿಸಿಕೊಂಡ ಹಳೆ ಬಾಕಿಗಾಗಿ ದೀಪಾವಳಿಯ ರವಿಕೆ ಇಟ್ಟುಕೊಳ್ಳುವಂತಿಲ್ಲ. ಯಾವ ಕೆಲಸದ ಬಾಕಿಯೋ ಆ ವಸ್ತುವಿನ ಮೇಲೆ ಮಾತ್ರ ಹಕ್ಕು, ಇದನ್ನು ‘ಪರ್ಟಿಕ್ಯುಲರ್ ಲೀನ್’ ಎನ್ನುತ್ತಾರೆ. ಬೈಕ್ ರಿಪೇರಿ ಮಾಡಿದ ಗ್ಯಾರೇಜಿನವರಿಗೂ, ಮೊಬೈಲ್ ಡಿಸ್‌ಪ್ಲೇ ಬದಲಿಸಿದವರಿಗೂ ಇದೇ ನಿಯಮ. ವಸ್ತುವನ್ನು ಒಮ್ಮೆ ಕೈಬಿಟ್ಟರೆ ಹಕ್ಕೂ ಹೋಗುತ್ತದೆ. ಗಾಡಿ ಬಿಟ್ಟುಕೊಟ್ಟ ಮೇಲೆ ಬಾಕಿಗಾಗಿ ಮನೆ ಮುಂದಿಂದ ಎತ್ತಿಕೊಂಡು ಹೋದರೆ ಅದು ಲೀನ್ ಅನ್ನಿಸಿಕೊಳ್ಳುವುದಿಲ್ಲ, ಪೊಲೀಸ್ ಕೇಸಾಗುತ್ತದೆ. ಇಟ್ಟುಕೊಳ್ಳುವ ಹಕ್ಕಿನ ಜೊತೆ ಮಾರುವ ಹಕ್ಕು ತಾನಾಗಿ ಬರುವುದೂ ಇಲ್ಲ. ರೈಲ್ವೆಯಂಥ ಕೆಲವರಿಗೆ ಮಾತ್ರ ಬಾಡಿಗೆ ಬಾಕಿ ಉಳಿದ ಸರಕನ್ನು ಮಾರಲು ಪ್ರತ್ಯೇಕ ಕಾಯ್ದೆಯ ಅನುಮತಿ ಇದೆ. ಇನ್ನು ಕಳೆದುಹೋದ ಎಮ್ಮೆಯನ್ನು ಹಿಡಿದು ಕಟ್ಟಿ, ಮೇವು ಹಾಕಿ ಸಾಕಿದವನಿಗೆ ಮಾಲೀಕ ಬಂದಾಗ ಖರ್ಚು ಕೇಳುವ, ಕೊಡುವವರೆಗೆ ಎಮ್ಮೆ ಬಿಡದಿರುವ ಹಕ್ಕನ್ನು 168ನೇ ಸೆಕ್ಷನ್ ಕೊಟ್ಟಿದೆ. ಹಳ್ಳಿಯ ಪಂಚಾಯಿತಿಕಟ್ಟೆಯ ನ್ಯಾಯವೂ ಹೆಚ್ಚುಕಮ್ಮಿ ಇದೇ.

ಯಾರಿಗೆ ಈ ಹಕ್ಕು ಇಲ್ಲ ಎಂಬುದೂ ಅಷ್ಟೇ ಮುಖ್ಯ. ಫೀಸು ಬಾಕಿ ಎಂದು ವಕೀಲರು ಕಕ್ಷಿದಾರರ ಕೇಸ್ ಫೈಲು ಇಟ್ಟುಕೊಳ್ಳುವಂತಿಲ್ಲ. ಫೈಲು ಮಾರಾಟದ ಸರಕಲ್ಲ, ಅದರ ಮೇಲೆ ಲೀನ್ ಇಲ್ಲ ಎಂದು ಸುಪ್ರೀಂ ಕೋರ್ಟ್ 2000ದಲ್ಲೇ ತೀರ್ಪು ಕೊಟ್ಟಿದೆ. ಕಾಲೇಜುಗಳು ಅಡ್ಮಿಷನ್ ವೇಳೆ ಮೂಲ ಅಂಕಪಟ್ಟಿಗಳನ್ನು ಪರಿಶೀಲಿಸಿ ಅಲ್ಲೇ ವಾಪಸು ಕೊಡಬೇಕು, ಪೂರ್ತಿ ಕೋರ್ಸಿನ ಫೀಸು ಕಟ್ಟಿಸಿಕೊಳ್ಳಲು ಒತ್ತೆಯಂತೆ ಇಟ್ಟುಕೊಳ್ಳಬಾರದು ಎಂದು ಯುಜಿಸಿ 2018ರಲ್ಲಿ ಅಧಿಸೂಚನೆ ಹೊರಡಿಸಿದೆ. ಆಸ್ಪತ್ರೆಯ ವಿಷಯ ಇನ್ನೂ ಸೂಕ್ಷ್ಮ. ಬಿಲ್ ಬಾಕಿ ಇದ್ದರೂ ಮೃತದೇಹವನ್ನು ತಡೆಹಿಡಿಯುವಂತಿಲ್ಲ ಎಂಬುದು ಕರ್ನಾಟಕದ ಖಾಸಗಿ ವೈದ್ಯಕೀಯ ಸಂಸ್ಥೆಗಳ ಕಾಯ್ದೆಗೆ 2017ರಲ್ಲಿ ತಂದ ತಿದ್ದುಪಡಿಯ ಒಂದು ಭಾಗ. ಬಾಕಿ ವಸೂಲಿಗೆ ಬೇರೆ ದಾರಿ ಇದೆ, ಮನುಷ್ಯನ ದೇಹ ಯಾರ ಒತ್ತೆಯೂ ಆಗಲಾರದು.

ಬ್ಯಾಂಕಿಗೆ ಮಾತ್ರ ಉದ್ದ ಕೈ

ಟೈಲರಿಗಿಲ್ಲದ ಒಂದು ಸೌಲಭ್ಯ ಬ್ಯಾಂಕಿಗಿದೆ. ಅದೇ ಕಾಯ್ದೆಯ 171ನೇ ಸೆಕ್ಷನ್ ಐದೇ ಬಗೆಯವರನ್ನು ಹೆಸರಿಸುತ್ತದೆ: ಬ್ಯಾಂಕರುಗಳು, ಸರಕನ್ನು ತಮ್ಮ ಸ್ವಾಧೀನದಲ್ಲಿಟ್ಟುಕೊಂಡು ಮಾರಿಕೊಡುವ ದಳ್ಳಾಳಿಗಳು, ಬಂದರಿನ ಕಟ್ಟೆಯ ಮಾಲೀಕರು, ಹೈಕೋರ್ಟಿನ ಅಟಾರ್ನಿಗಳು, ವಿಮಾ ಪಾಲಿಸಿ ದಳ್ಳಾಳಿಗಳು. ಇವರ ಲೀನ್ ‘ಜನರಲ್’. ಅಂದರೆ ಒಂದು ವ್ಯವಹಾರದಲ್ಲಿ ಕೈಗೆ ಬಂದ ವಸ್ತುವನ್ನು ಇನ್ನೊಂದು ವ್ಯವಹಾರದ ಬಾಕಿಗೂ ಹಿಡಿದಿಟ್ಟುಕೊಳ್ಳಬಹುದು. 1992ರಲ್ಲಿ ಮಣಿಪಾಲದ ಸಿಂಡಿಕೇಟ್ ಬ್ಯಾಂಕಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಬ್ಯಾಂಕಿನ ಬಳಿ ಇರುವ ಠೇವಣಿ ರಸೀದಿಗಳಿಗೂ ಈ ಹಕ್ಕು ಅನ್ವಯಿಸುತ್ತದೆ ಎಂದಿತು. ಆ ಬ್ಯಾಂಕು ಈಗ ಕೆನರಾ ಬ್ಯಾಂಕಿನೊಳಗೆ ಸೇರಿಹೋಗಿದೆ, ತೀರ್ಪು ಉಳಿದಿದೆ.

ನಮ್ಮ ಊರುಗಳಲ್ಲಿ ಇದರ ಬಿಸಿ ತಟ್ಟುವುದು ಚಿನ್ನದ ಸಾಲದಲ್ಲಿ. ಗಿರವಿ ಇಟ್ಟ ಸರದ ಅಸಲು, ಬಡ್ಡಿ ಎರಡೂ ಕಟ್ಟಿ ಮುಗಿಸಿದ ಮೇಲೂ ‘ನಿಮ್ಮ ಭಾವಮೈದುನನ ಟ್ರ್ಯಾಕ್ಟರ್ ಸಾಲಕ್ಕೆ ನೀವು ಜಾಮೀನು ಹಾಕಿದ್ದೀರಲ್ಲ, ಅದು ಎನ್‌ಪಿಎ ಆಗಿದೆ, ಚಿನ್ನ ಬಿಡೋಕಾಗಲ್ಲ’ ಎಂಬ ಮಾತು ಬರುತ್ತದೆ. ಬ್ಯಾಂಕು ಕೈ ಮಾಡಿ ತೋರಿಸುವುದು ಇದೇ 171ನ್ನು. ಆದರೆ ಆ ಸೆಕ್ಷನ್ನಿನಲ್ಲೇ ‘ಇದಕ್ಕೆ ವಿರುದ್ಧವಾದ ಕರಾರು ಇಲ್ಲದಿದ್ದರೆ’ ಎಂಬ ಷರತ್ತಿದೆ. ಹಾಗಾಗಿ ಸಾಲಪತ್ರದಲ್ಲಿ ಏನು ಬರೆದಿದೆ ಎಂಬುದರ ಮೇಲೆ ಎಲ್ಲವೂ ನಿಂತಿದೆ. ಇದೇ ಸಾಲಕ್ಕೆ ಮಾತ್ರ ಭದ್ರತೆ ಎಂದಿದೆಯೋ, ನನ್ನ ಇತರ ಎಲ್ಲ ಬಾಧ್ಯತೆಗಳಿಗೂ ಎಂದಿದೆಯೋ? ಚಿನ್ನದ ಸಾಲದ ಫಾರ್ಮಿಗೆ ಹತ್ತಾರು ಕಡೆ ಸಹಿ ಹಾಕಿಸಿಕೊಳ್ಳುವಾಗ ಯಾರೂ ಈ ಸಾಲು ಓದುವುದಿಲ್ಲ. ಓದಬೇಕಾದ ಒಂದೇ ಸಾಲು ಇದ್ದರೆ ಅದು ಇದು. ಲಾಕರಿನಲ್ಲಿಟ್ಟ ಒಡವೆಯ ಕಥೆ ಬೇರೆ. ಅದು ಜೋಪಾನಕ್ಕೆಂದು ಕೊಟ್ಟದ್ದು, ಬ್ಯಾಂಕಿನ ಜನರಲ್ ಲೀನ್ ಅದನ್ನು ಮುಟ್ಟುವುದಿಲ್ಲ. ಗಂಡ ಹೆಂಡತಿಯ ಜಂಟಿ ಖಾತೆಯ ದುಡ್ಡನ್ನು ಒಬ್ಬರ ಸ್ವಂತ ಸಾಲಕ್ಕೆ ಹಿಡಿಯುವುದೂ ಸಾಮಾನ್ಯವಾಗಿ ನಿಲ್ಲುವುದಿಲ್ಲ.

ಸಾಲ ತೀರಿದ ಮೇಲೆ ಸುಮ್ಮನೆ ಓಡಾಡಿಸುವುದಕ್ಕೆ ಈಗ ಕಡಿವಾಣ ಇದೆ. ಮನೆ ಸಾಲ ಮೊದಲಾದ ವೈಯಕ್ತಿಕ ಸಾಲಗಳು ಪೂರ್ತಿ ತೀರಿದ 30 ದಿನದೊಳಗೆ ಮೂಲ ಕಾಗದಪತ್ರಗಳನ್ನು ವಾಪಸು ಕೊಟ್ಟು, ನೋಂದಾಯಿಸಿದ ಹಕ್ಕನ್ನೂ ತೆಗೆಸಬೇಕು, ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು ಎಂಬ ಆರ್‌ಬಿಐ ಆದೇಶ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ. ಚಿನ್ನದ ಬಗ್ಗೆ 2025ರಲ್ಲಿ ಬಂದ ನಿರ್ದೇಶನ ಇನ್ನೂ ಬಿಗಿ. ಸಾಲ ತೀರಿದ ದಿನವೇ, ಹೆಚ್ಚೆಂದರೆ ಏಳು ಕೆಲಸದ ದಿನದೊಳಗೆ ಒಡವೆ ಕೊಡಬೇಕು. ತಡಕ್ಕೆ ದಂಡ ಅಲ್ಲೂ ದಿನಕ್ಕೆ 5,000. ಮ್ಯಾನೇಜರ್ ‘ಮುಂದಿನ ವಾರ ಬನ್ನಿ’ ಎಂದಾಗ ಈ ಎರಡು ಸಂಗತಿಯನ್ನು ಸೌಮ್ಯವಾಗಿ ನೆನಪಿಸಿದರೆ ಸಾಕು, ಬೀಗದಕೈ ಸಿಗುತ್ತದೆ.

ಈಗ ಖಾತೆಯ ಮೇಲಿನ ಲೀನ್‌ಗೆ ಬರೋಣ. ನೆಟ್ ಬ್ಯಾಂಕಿಂಗಿನಲ್ಲಿ ಖಾತೆಯ ವಿವರ ತೆರೆದರೆ ಮೂರು ಅಂಕಿ ಕಾಣುತ್ತವೆ. ಒಟ್ಟು ಶಿಲ್ಕು 52,340, ಲೀನ್ ಮೊತ್ತ 15,000, ಬಳಸಬಹುದಾದ ಶಿಲ್ಕು 37,340. ಮೊದಲನೆಯದು ನಿಮ್ಮ ಒಡೆತನ, ಎರಡನೆಯದು ಹಿಡಿತ, ಮೂರನೆಯದು ಇವತ್ತು ಕೈಗೆ ಸಿಗುವುದು. ಈ 15,000 ಎಂಬ ಅಂಕಿಯ ಆಸುಪಾಸು ಕಂಡರೆ, ಮನೆಯಲ್ಲಿ ಯಾರಾದರೂ ಐಪಿಒಗೆ ಅರ್ಜಿ ಹಾಕಿದ್ದಾರೆಯೇ ಎಂದು ಮೊದಲು ವಿಚಾರಿಸಿ. ಹಿಂದೆ ಷೇರಿಗೆ ಅರ್ಜಿ ಹಾಕಿದರೆ ದುಡ್ಡು ಖಾತೆಯಿಂದ ಹೋಗಿ, ಷೇರು ಸಿಗದಿದ್ದರೆ ವಾಪಸು ಬರಲು ಕಾಯಬೇಕಿತ್ತು. ಸೆಬಿ 2008ರಲ್ಲಿ ತಂದ ‘ಆಸ್ಬಾ’ ವ್ಯವಸ್ಥೆ ದುಡ್ಡನ್ನು ನಿಮ್ಮ ಖಾತೆಯಲ್ಲೇ ಇಟ್ಟು ಬರೀ ಬ್ಲಾಕ್ ಮಾಡುತ್ತದೆ. 2016ರಿಂದ ಅದು ಎಲ್ಲರಿಗೂ ಕಡ್ಡಾಯ. ಉಳಿತಾಯ ಖಾತೆಯ ಬಡ್ಡಿ ಅಷ್ಟೂ ದಿನ ನಿಮಗೇ ಬರುತ್ತದೆ. ಷೇರು ಸಿಗದಿದ್ದರೆ ಕೆಲವೇ ದಿನದಲ್ಲಿ ಹಿಡಿತ ತಾನಾಗಿ ಬಿಡುತ್ತದೆ. ಯಾರನ್ನೂ ಕೇಳಬೇಕಿಲ್ಲ.

590 ರೂಪಾಯಿಯಂಥ ಪುಡಿ ಅಂಕಿ ಕಂಡರೆ ಬೇರೆ ಊಹೆ ಮಾಡಬೇಕು. ಕಂತು ಬೌನ್ಸ್ ಆದದ್ದಕ್ಕೆ 500 ರೂಪಾಯಿ ದಂಡ, ಅದರ ಮೇಲೆ ಶೇಕಡಾ 18 ಜಿಎಸ್‌ಟಿ, ಕೂಡಿದರೆ 590. ಖಾತೆಯಲ್ಲಿ ದುಡ್ಡಿರಲಿಲ್ಲ, ಮುಂದೆ ಬಂದಾಗ ಹಿಡಿಯೋಣ ಎಂದು ಬ್ಯಾಂಕು ಗುರುತು ಹಾಕಿಟ್ಟಿರುತ್ತದೆ. ಮನೆಗೆಲಸದವರ ಸಂಬಳ, ಮಕ್ಕಳ ಸ್ಕಾಲರ್‌ಶಿಪ್ ಬಂದ ದಿನವೇ ಕರಗುವುದು ಹೀಗೆ. ಬರೀ ಮಿನಿಮಮ್ ಬ್ಯಾಲೆನ್ಸ್ ದಂಡದ ಕಾರಣಕ್ಕೆ ಖಾತೆ ಮೈನಸ್‌ಗೆ ಹೋಗಬಾರದು ಎಂದು ಆರ್‌ಬಿಐ 2014ರಲ್ಲೇ ಬ್ಯಾಂಕುಗಳಿಗೆ ಹೇಳಿದೆ, ಅದನ್ನು ಕೌಂಟರಿನಲ್ಲಿ ಹೇಳಬಹುದು. ಎಫ್‌ಡಿ ಮೇಲೆ ಸಾಲ ತೆಗೆದಾಗ ಬೀಳುವ ಲೀನ್ ನೀವೇ ಒಪ್ಪಿ ಹಾಕಿಸಿಕೊಂಡದ್ದು. ಬಡ್ಡಿ ಎಂದಿನಂತೆ ಬೆಳೆಯುತ್ತದೆ, ಅವಧಿಗೆ ಮುನ್ನ ಮುರಿಸಲು ಮಾತ್ರ ಆಗುವುದಿಲ್ಲ. ಆದಾಯ ತೆರಿಗೆ ಬಾಕಿಗೆ ಇಲಾಖೆಯ ನೋಟಿಸು ಬಂದು ಬ್ಯಾಂಕು ತಡೆಹಿಡಿದಿದ್ದರೆ, ಬ್ಯಾಂಕಿನವರ ಜೊತೆ ವಾದಿಸಿ ಫಲವಿಲ್ಲ. ನೋಟಿಸಿನ ಪ್ರತಿ ಕೇಳಿ, ಆಡಿಟರನ್ನು ನೋಡಿ.

ಸೈಬರ್ ಲೀನ್

ಇದನ್ನು ಬೇರೆಯಾಗಿ ಬರೆಯಬೇಕು, ಏಕೆಂದರೆ ಈಚೆಗೆ ಈ ಪದ ಹಳ್ಳಿಯ ಕಿರಾಣಿ ಅಂಗಡಿಯವರೆಗೂ ಮುಟ್ಟಿರುವುದು ಇದರಿಂದಲೇ. ಆನ್‌ಲೈನ್ ವಂಚನೆಯಲ್ಲಿ ದುಡ್ಡು ಕಳೆದುಕೊಂಡವರು ಸೈಬರ್ ಸಹಾಯವಾಣಿ 1930ಕ್ಕೆ ಫೋನ್ ಮಾಡಿದರೆ, ದೂರು ದೇಶದ ಬ್ಯಾಂಕುಗಳನ್ನೆಲ್ಲ ಜೋಡಿಸಿದ ವ್ಯವಸ್ಥೆಯೊಳಗೆ ಹೋಗುತ್ತದೆ. ದುಡ್ಡು ಯಾವ ಖಾತೆಗೆ ಹೋಯಿತು, ಅಲ್ಲಿಂದ ಇನ್ಯಾವ ಖಾತೆಗೆ ಹಾರಿತು ಎಂದು ಬೆನ್ನುಹತ್ತಿ, ಎಲ್ಲಿ ಸಿಕ್ಕರೆ ಅಲ್ಲಿ ಲೀನ್ ಹಾಕುತ್ತಾರೆ. ಕಳೆದುಕೊಂಡವರಿಗೆ ಇದು ಜೀವ ಉಳಿಸುವ ವ್ಯವಸ್ಥೆ. ಮೊದಲ ಗಂಟೆಯೊಳಗೆ ಫೋನ್ ಮಾಡಿದವರ ದುಡ್ಡು ಸಿಗುವ ಸಂಭವ ಹೆಚ್ಚು. ಹೀಗೆ ಹಿಡಿದಿಟ್ಟ ಹಣ ತಾನಾಗಿ ನಿಮ್ಮ ಖಾತೆಗೆ ಬರುವುದಿಲ್ಲ ಎಂಬುದನ್ನು ಮಾತ್ರ ತಿಳಿದಿರಬೇಕು. ಸಾಮಾನ್ಯವಾಗಿ ಪೊಲೀಸ್ ಠಾಣೆಯ ಮೂಲಕ ನ್ಯಾಯಾಲಯದಲ್ಲಿ ಬಿಡುಗಡೆಗೆ ಅರ್ಜಿ ಹಾಕಬೇಕಾಗುತ್ತದೆ. ಹಳೆಯ ಸಿಆರ್‌ಪಿಸಿಯ 457, ಈಗಿನ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 503ನೇ ಸೆಕ್ಷನ್ ಇರುವುದು ಇದಕ್ಕೆ.

ಇನ್ನೊಂದು ಬದಿಯಲ್ಲಿ ನಿರಪರಾಧಿಗಳು ಸಿಕ್ಕಿಬೀಳುತ್ತಾರೆ. ಬೇಕರಿಯ ಕ್ಯೂಆರ್ ಕೋಡಿಗೆ ಯಾರೋ 500 ರೂಪಾಯಿ ಕಳಿಸಿ ಕೇಕು ಒಯ್ದಿರುತ್ತಾನೆ. ಆ 500 ಬೇರೆ ರಾಜ್ಯದ ಯಾವುದೋ ವಂಚನೆಯ ನಾಲ್ಕನೇ ಕೊಂಡಿ. ಒಂದು ಬೆಳಿಗ್ಗೆ ಮೈದಾ ಮಿಲ್ಲಿನವರಿಗೆ ದುಡ್ಡು ಕಳಿಸಲು ಹೋದರೆ ಇಡೀ ಖಾತೆ ನಿಂತಿರುತ್ತದೆ. ಇಲ್ಲಿ ಲೀನ್ ಬೇರೆ, ಫ್ರೀಜ್ ಬೇರೆ ಎಂಬ ವ್ಯತ್ಯಾಸ ಬಹಳ ಮುಖ್ಯ. ಲೀನ್ ಆದರೆ ಆ 500 ಮಾತ್ರ ಹಿಡಿತದಲ್ಲಿರುತ್ತದೆ, ಉಳಿದದ್ದು ಓಡಾಡುತ್ತದೆ. ಡೆಬಿಟ್ ಫ್ರೀಜ್ ಆದರೆ ಒಂದು ರೂಪಾಯಿಯೂ ಹೊರಹೋಗುವುದಿಲ್ಲ. ಅನುಮಾನದ ಮೊತ್ತ ಎಷ್ಟೋ ಅಷ್ಟಕ್ಕೆ ಮಾತ್ರ ತಡೆ ಸೀಮಿತವಾಗಿರಬೇಕು ಎಂದು ಕೇರಳ ಹೈಕೋರ್ಟ್ 2023ರಲ್ಲಿ ಹೇಳಿತು. ಆದ್ದರಿಂದ ನಿಮ್ಮ ಮೊದಲ ಬೇಡಿಕೆ ‘ಲೀನ್ ತೆಗೆಯಿರಿ’ ಎಂದಿರಬಾರದು, ‘ಫ್ರೀಜ್ ತೆಗೆದು ವಿವಾದದ ಮೊತ್ತಕ್ಕೆ ಲೀನ್ ಇಡಿ’ ಎಂದಿರಬೇಕು. ಹಾಗೆ ಕೇಳಿದರೆ ಅಂಗಡಿ ನಡೆಯುತ್ತದೆ. ಜೊತೆಗೆ ಬ್ಯಾಂಕಿನಿಂದ ದೂರಿನ ಸ್ವೀಕೃತಿ ಸಂಖ್ಯೆ, ಯಾವ ರಾಜ್ಯದ ಯಾವ ಠಾಣೆ, ಯಾವ ವ್ಯವಹಾರದ ಯುಟಿಆರ್ ನಂಬರ್ ಎಂಬುದನ್ನು ಬರೆಸಿಕೊಳ್ಳಿ. ಆ ದಿನದ ಬಿಲ್ಲು, ಸ್ಟಾಕ್ ಪುಸ್ತಕದ ಪುಟ, ಜಿಎಸ್‌ಟಿ ನೋಂದಣಿ ಇದ್ದರೆ ಅದರ ಪ್ರತಿ ಸೇರಿಸಿ ಆ ಠಾಣೆಗೆ ಇಮೇಲ್ ಮಾಡಿ, ನಕಲು ಬ್ಯಾಂಕಿಗೂ ಕೊಡಿ. ‘ಸೆಟಲ್ ಮಾಡಿಕೊಡುತ್ತೇವೆ’ ಎಂದು ತಾವಾಗಿ ಫೋನ್ ಮಾಡುವವರು ಬಹುತೇಕ ಇನ್ನೊಂದು ವಂಚನೆಯವರು.

ಗಿರವಿ, ಅಡಮಾನ, ಬೋಜಾ

ಲೀನ್‌ನ ನೆಂಟರಿಷ್ಟರನ್ನು ಅದರೊಂದಿಗೆ ಕಲಸುವುದು ಸುಲಭ. ನೀವಾಗಿಯೇ ವಸ್ತುವನ್ನು ಸಾಲಕ್ಕೆಂದು ಕೊಟ್ಟು ಬಂದರೆ ಅದು ಗಿರವಿ, ಇಂಗ್ಲಿಷಿನಲ್ಲಿ ಪ್ಲೆಜ್. ನೋಟಿಸು ಕೊಟ್ಟು ಮಾರುವ ಹಕ್ಕೂ ಅದರಲ್ಲಿ ಅಡಗಿದೆ. ಜಮೀನು, ಮನೆಯ ಪತ್ರ ಇಟ್ಟರೆ ಅಡಮಾನ. ಕಾರು ನಿಮ್ಮ ಮನೆ ಮುಂದೆಯೇ ನಿಂತು, ಆರ್‌ಸಿಯಲ್ಲಿ ಬ್ಯಾಂಕಿನ ಹೆಸರು ಇದ್ದರೆ ಹೈಪಾಥಿಕೇಶನ್. ಸಾಲ ತೀರಿದ ಮೇಲೆ ಬ್ಯಾಂಕಿನ ನಿರಾಕ್ಷೇಪಣಾ ಪತ್ರ, ಫಾರ್ಮ್ 35 ಎರಡನ್ನೂ ಆರ್‌ಟಿಒಗೆ ಕೊಟ್ಟು ಆ ಹೆಸರು ತೆಗೆಸದಿದ್ದರೆ ಮಾರುವ ದಿನ ಪರದಾಡುತ್ತೀರಿ. ಪಹಣಿಯ 11ನೇ ಕಾಲಂನಲ್ಲಿ ಸೊಸೈಟಿಯ ಸಾಲ ನಮೂದಾದರೆ ಅದು ಋಣಭಾರ, ಉತ್ತರ ಕರ್ನಾಟಕದ ಉತಾರದ ಭಾಷೆಯಲ್ಲಿ ಬೋಜಾ. ಕಚೇರಿಯ ಮಾತಿನಲ್ಲಿ ಎಲ್ಲಕ್ಕೂ ‘ಲೀನ್ ಇದೆ’ ಎಂದುಬಿಡುತ್ತಾರೆ. ಕೇಳಿಸಿಕೊಂಡವರು ಇವುಗಳಲ್ಲಿ ಯಾವುದು ಎಂದು ಮರುಪ್ರಶ್ನೆ ಹಾಕಬೇಕು, ಏಕೆಂದರೆ ತೆಗೆಸುವ ಕಚೇರಿ ಪ್ರತಿಯೊಂದಕ್ಕೂ ಬೇರೆ.

ಕುರ್ಚಿಯ ಮೇಲಿನ ಹಕ್ಕು

ಸರ್ಕಾರಿ ನೌಕರರ ಬಾಯಲ್ಲಿ ಈ ಪದ ತಲೆಕೆಳಗಾಗಿ ನಿಲ್ಲುತ್ತದೆ. ಅಲ್ಲಿ ಲೀನ್ ಅಂದರೆ ಭಯವಲ್ಲ, ಭರವಸೆ. ಕಾಯಂ ಆದ ನೌಕರನಿಗೆ ತನ್ನ ಹುದ್ದೆಯ ಮೇಲೆ ಇರುವ ಹಕ್ಕೇ ಲೀನ್. ರಜೆಯ ಮೇಲಿರಲಿ, ಎರವಲು ಸೇವೆಯಲ್ಲಿರಲಿ, ಕುರ್ಚಿಯಲ್ಲಿ ಸದ್ಯಕ್ಕೆ ಇನ್ಯಾರೋ ಕೂತಿರಲಿ, ವಾಪಸು ಬಂದಾಗ ಆ ಹುದ್ದೆ ಅವನದು. ಬ್ಯಾಂಕಿನಲ್ಲಿ ಒಡೆತನ ನಿಮ್ಮದಾಗಿ ಹಿಡಿತ ಬೇರೆಯವರದಾಗಿತ್ತು. ಇಲ್ಲಿ ಕೂತಿರುವವರು ಬೇರೆಯವರಾದರೂ ಕಟ್ಟು ನಿಮ್ಮ ಹೆಸರಿಗೇ ಇದೆ. ಕೇಂದ್ರದ ಮೂಲ ನಿಯಮಗಳಲ್ಲೂ ನಮ್ಮ 1958ರ ಕರ್ನಾಟಕ ನಾಗರಿಕ ಸೇವಾ ನಿಯಮಗಳಲ್ಲೂ (ಕೆಸಿಎಸ್‌ಆರ್) ಇದಕ್ಕೆ ವ್ಯಾಖ್ಯಾನ ಇದೆ. ಒಬ್ಬರಿಗೆ ಏಕಕಾಲಕ್ಕೆ ಎರಡು ಹುದ್ದೆಯ ಮೇಲೆ ಲೀನ್ ಇರುವಂತಿಲ್ಲ, ಹೊಸದರಲ್ಲಿ ಕಾಯಂ ಆದ ದಿನ ಹಳೆಯದು ಮುಗಿಯುತ್ತದೆ.

ಇದು ಬೇಕಾಗುವುದು ಯಾವಾಗ? ಪ್ರಾಥಮಿಕ ಶಾಲೆಯ ಶಿಕ್ಷಕಿಯೊಬ್ಬರು ಕೆಪಿಎಸ್‌ಸಿ ಪರೀಕ್ಷೆ ಬರೆದು ಬೇರೆ ಇಲಾಖೆಗೆ ಆಯ್ಕೆಯಾದರು ಎನ್ನಿ. ಹೊಸ ಕೆಲಸದಲ್ಲಿ ಪ್ರೊಬೇಷನ್ ಇದೆ. ಒಗ್ಗದಿದ್ದರೆ? ಅದಕ್ಕಾಗಿಯೇ ಹಳೆ ಹುದ್ದೆಯಲ್ಲಿ ಲೀನ್ ಉಳಿಸಿಕೊಂಡು ಹೋಗುವುದು. ಕೇಂದ್ರ ಸರ್ಕಾರದ ನೌಕರರಿಗೆ ಸಾಮಾನ್ಯವಾಗಿ ಎರಡು ವರ್ಷ, ವಿಶೇಷ ಸಂದರ್ಭದಲ್ಲಿ ಇನ್ನೊಂದು ವರ್ಷ ಈ ಅವಕಾಶ ಇದೆ. ಅಷ್ಟರೊಳಗೆ ಮರಳಬೇಕು, ಇಲ್ಲವೇ ಹಳೆಯದಕ್ಕೆ ರಾಜೀನಾಮೆ ಕೊಡಬೇಕು. ರಾಜ್ಯದ ನೌಕರರು ತಮ್ಮ ಇಲಾಖೆಯ ಆದೇಶ ನೋಡಿಕೊಳ್ಳಬೇಕು. ನಿಗಮ, ಮಂಡಳಿ, ಸಾರ್ವಜನಿಕ ಉದ್ದಿಮೆಗೆ ಹೋಗುವವರಿಗೆ ಲೆಕ್ಕ ಬೇರೆಯೇ ಇದೆ.

ಎಡವುವುದು ಒಂದೇ ಜಾಗದಲ್ಲಿ, ಕಾಗದದಲ್ಲಿ. ಆಯ್ಕೆಯಾದ ಖುಷಿಗೆ ‘ನನ್ನ ಹುದ್ದೆಗೆ ರಾಜೀನಾಮೆ ನೀಡುತ್ತಿದ್ದೇನೆ’ ಎಂದು ಒಂದು ಸಾಲು ಬರೆದುಕೊಟ್ಟರೆ ಲೀನ್ ಜೊತೆಗೆ ಹಿಂದಿನ ಸೇವಾವಧಿಯೂ ಅಲ್ಲಿಗೇ ಮುಗಿಯಬಹುದು. ಅರ್ಜಿ ಹಾಕುವಾಗಲೇ ಮೇಲಧಿಕಾರಿಯ ಮೂಲಕ ಹೋಗಿರಬೇಕು, ನಿರಾಕ್ಷೇಪಣಾ ಪತ್ರ ಕೈಯಲ್ಲಿರಬೇಕು. ಹೊರಡುವಾಗ ಕೇಳಬೇಕಾದದ್ದು ‘ಹೊಸ ಹುದ್ದೆಗೆ ಸೇರಲು ಕರ್ತವ್ಯದಿಂದ ಬಿಡುಗಡೆ, ಹಾಲಿ ಹುದ್ದೆಯಲ್ಲಿ ಲೀನ್ ಮುಂದುವರಿಕೆ’. ಬಿಡುಗಡೆ ಆದೇಶದಲ್ಲಿ ಆ ಪದ ಬಂದಿದೆಯೇ ಎಂದು ಅಲ್ಲೇ ನಿಂತು ಓದಿ. ಕೇಂದ್ರದಲ್ಲಿ ಇದಕ್ಕೆ ‘ತಾಂತ್ರಿಕ ರಾಜೀನಾಮೆ’ ಎಂಬ ಪ್ರತ್ಯೇಕ ಹೆಸರೇ ಇದೆ. ಕೆಲಸ ಹುಡುಕುವವರಿಗೂ ಒಂದು ಮಾತು: ಕಾಲೇಜಿನ ಜಾಹೀರಾತಿನಲ್ಲಿ ‘ಲೀನ್ ವೇಕೆನ್ಸಿ’ ಎಂದಿದ್ದರೆ ಆ ಹುದ್ದೆಯ ಹಕ್ಕುದಾರರು ಬೇರೆಲ್ಲೋ ಇದ್ದಾರೆ, ಅವರು ಬಂದ ದಿನ ನೀವು ಎದ್ದೇಳಬೇಕು.

ಜೀವ ವಿಮೆಯಲ್ಲಿ ಇದೇ ಪದಕ್ಕೆ ಇನ್ನೊಂದು ಅರ್ಥ ಇದೆ, ಏಜೆಂಟರು ಅದನ್ನು ಬಿಡಿಸಿ ಹೇಳುವುದು ಅಪರೂಪ. ಆರೋಗ್ಯದ ಅಪಾಯ ಹೆಚ್ಚು ಎನಿಸಿದವರಿಗೆ ಪಾಲಿಸಿ ಕೊಡುವಾಗ ಕಂಪನಿ ‘ಲೀನ್ ಕ್ಲಾಸ್’ ಹಾಕಬಹುದು. ಮೊದಲ ಕೆಲವು ವರ್ಷಗಳಲ್ಲಿ ಸಾವು ಸಂಭವಿಸಿದರೆ ಪೂರ್ತಿ ವಿಮಾ ಮೊತ್ತ ಸಿಗದು, ಒಂದು ಭಾಗವನ್ನು ಕಂಪನಿ ಹಿಡಿದುಕೊಳ್ಳುತ್ತದೆ. ಪಾಲಿಸಿ ಬಾಂಡಿನ ಹಿಂಬದಿಯ ಷರತ್ತುಗಳಲ್ಲಿ ಈ ಪದ ಹುಡುಕಿ.

ಅಮೆರಿಕದಲ್ಲಿರುವ ಕನ್ನಡಿಗರಿಗೆ ಈ ಪದ ಇಲ್ಲಿಗಿಂತ ಹೆಚ್ಚು ಸಲ ಎದುರಾಗುತ್ತದೆ. ಸಾಲದ ಕಾರಿನ ಟೈಟಲ್ ಪತ್ರದಲ್ಲಿ ‘ಲೀನ್‌ಹೋಲ್ಡರ್’ ಎಂದು ಬ್ಯಾಂಕಿನ ಹೆಸರಿರುತ್ತದೆ. ಅಪಘಾತದಲ್ಲಿ ಕಾರು ಪೂರ್ತಿ ಹಾಳಾದರೆ ವಿಮೆಯ ಚೆಕ್ಕು ಮೊದಲು ಅವರಿಗೆ ಹೋಗುತ್ತದೆ. ಕ್ಯಾಲಿಫೋರ್ನಿಯಾದಲ್ಲಿ ಅಡುಗೆಮನೆ ನವೀಕರಣಕ್ಕೆ ಕೈಹಾಕಿದವರ ಮನೆಗೆ, ಹೆಸರೇ ಕೇಳದ ಟೈಲ್ಸ್ ಅಂಗಡಿಯಿಂದ ‘ಪ್ರಿಲಿಮಿನರಿ ನೋಟಿಸ್’ ಬರುತ್ತದೆ. ಜಗಳದ ನೋಟಿಸಲ್ಲ, ಹೆದರಬೇಕಿಲ್ಲ. ನಿಮ್ಮ ಗುತ್ತಿಗೆದಾರ ನಮ್ಮಿಂದ ಸಾಮಾನು ತಂದಿದ್ದಾನೆ, ಅವನು ದುಡ್ಡು ಕೊಡದಿದ್ದರೆ ನಿಮ್ಮ ಮನೆಯ ಮೇಲೆ ‘ಮೆಕ್ಯಾನಿಕ್ಸ್ ಲೀನ್’ ಹಾಕುವ ಹಕ್ಕು ನಮಗಿದೆ ಎಂದು ಮೊದಲೇ ತಿಳಿಸುವ ಕಾಗದ ಅದು. ಕೆಲಸ ಶುರುವಾದ ಅಥವಾ ಸಾಮಾನು ಬಂದ 20 ದಿನದೊಳಗೆ ಕಳಿಸಬೇಕೆಂಬ ನಿಯಮ ಇದೆ. ಗುತ್ತಿಗೆದಾರನಿಗೆ ನೀವು ಪೂರ್ತಿ ಕೊಟ್ಟಿದ್ದರೂ ಅವನು ಟೈಲ್ಸಿನವನಿಗೆ ಕೊಡದಿದ್ದರೆ ಎರಡನೇ ಸಲ ಕೊಡುವ ಪಾಡು ನಿಮ್ಮದು. ಆದ್ದರಿಂದ ಪ್ರತಿ ಕಂತು ಕೊಡುವಾಗಲೂ, ನೋಟಿಸು ಕಳಿಸಿದ ಪ್ರತಿಯೊಬ್ಬರಿಂದಲೂ ಲೀನ್ ಬಿಟ್ಟುಕೊಟ್ಟ ಪತ್ರ ತರಿಸಿಕೊಳ್ಳುವುದು ಅಲ್ಲಿನ ವಾಡಿಕೆ. ತೆರಿಗೆ ಇಲಾಖೆಯ ಕಾಗದದಲ್ಲಿ ‘ಲೀನ್’, ‘ಲೆವಿ’ ಎರಡೂ ಬರುತ್ತವೆ. ಮೊದಲನೆಯದು ಹಕ್ಕು ಹೇಳುವುದು, ಎರಡನೆಯದು ಎತ್ತಿಕೊಂಡೇ ಹೋಗುವುದು.

ಇಂಗ್ಲಿಷಿನಲ್ಲಿ ಬರೆಯುವಾಗ ಲೀನ್ ಯಾವಾಗಲೂ ಒಂದು ಸ್ವತ್ತಿನ ‘ಆನ್’, ಒಂದು ಬಾಕಿಯ ‘ಫಾರ್’. ಹಾಕುವುದಕ್ಕೆ ‘ಪ್ಲೇಸ್’ ಅಥವಾ ‘ಮಾರ್ಕ್’, ತೆಗೆಯುವುದಕ್ಕೆ ‘ರಿಲೀಸ್’ ಅಥವಾ ‘ಲಿಫ್ಟ್’, ಹುದ್ದೆಯಲ್ಲಿ ಉಳಿಸಿಕೊಳ್ಳುವುದಕ್ಕೆ ‘ರಿಟೇನ್’. ಕನ್ನಡದಲ್ಲಿ ಬರೆಯುವವರು ‘ಲೀನ್’ ಎಂದೇ ಬರೆಯುವುದು ಕ್ಷೇಮ, ಕೌಂಟರಿನಲ್ಲಿ ಕೂತವರಿಗೆ ತಿಳಿಯುವುದು ಅದೇ. ಬ್ಯಾಂಕಿಗೆ ಕೊಡುವ ಅರ್ಜಿ ನಾಲ್ಕು ಸಾಲು ಮೀರಬೇಕಿಲ್ಲ:

‘ನನ್ನ ಉಳಿತಾಯ ಖಾತೆಯಲ್ಲಿ ಇಂತಹ ದಿನಾಂಕದಿಂದ ಇಷ್ಟು ರೂಪಾಯಿಗೆ ಲೀನ್ ಇರುವುದು ಕಂಡುಬಂದಿದೆ. ಇದನ್ನು ಯಾರ ಕೋರಿಕೆಯ ಮೇರೆಗೆ, ಯಾವ ಬಾಕಿ ಅಥವಾ ದೂರಿಗಾಗಿ, ಯಾವ ಆದೇಶ ಸಂಖ್ಯೆಯಡಿ ಹಾಕಲಾಗಿದೆ, ತೆರವುಗೊಳಿಸಲು ನಾನು ಏನು ಮಾಡಬೇಕು ಎಂಬುದನ್ನು ಲಿಖಿತವಾಗಿ ತಿಳಿಸಬೇಕೆಂದು ಕೋರುತ್ತೇನೆ.’

ಎರಡು ಪ್ರತಿ ಮಾಡಿ, ಒಂದರ ಮೇಲೆ ಸೀಲು, ದಿನಾಂಕ ಹಾಕಿಸಿಕೊಳ್ಳಿ. 30 ದಿನ ಕಳೆದರೂ ಉತ್ತರ ಬಾರದಿದ್ದರೆ, ಅಥವಾ ಬಂದ ಉತ್ತರ ಸಮಾಧಾನ ತರದಿದ್ದರೆ, ಆರ್‌ಬಿಐ ಓಂಬುಡ್ಸ್‌ಮನ್‌ಗೆ ದೂರು ಕೊಡಬಹುದು. ಶುಲ್ಕ ಇಲ್ಲ. ದೂರು ಕೊಡುವ ಬಗೆ ತಿಳಿಯಲು 14448ಕ್ಕೆ ಫೋನ್ ಮಾಡಿದರೆ ಸಾಕು, ಸೀಲು ಬಿದ್ದ ಆ ಪ್ರತಿಯನ್ನು ದೂರಿನ ಜೊತೆ ಲಗತ್ತಿಸಿ.